ಬೈಜಾಂಟೈನ್ ಗಾಯನ ಹೀಗೇ ಇತ್ತು ಅಂತ ಹೇಗೆ ಗೊತ್ತು?

ಬೈಜಾಂಟೈನ್ ಸಾಮ್ರಾಜ್ಯದ ರಾಜಧಾನಿ ಕಾನ್‌ಸ್ಟಾಂಟಿನೋಪಲ್ (ಇಂದಿನ ಇಸ್ತಾಂಬುಲ್) 1453ರಲ್ಲೇ ತುರ್ಕರ ವಶವಾಯಿತು. ಹಾಗಿದ್ದ ಮೇಲೆ ಅಲ್ಲಿನ ಚರ್ಚುಗಳ ಹಾಡನ್ನು ಇವತ್ತು ವೇದಿಕೆಗೆ ತರುವುದು ಬರೀ ಊಹೆಯಲ್ಲವೇ? ಈ ಪ್ರಶ್ನೆ ಕೇಳದವರಿಲ್ಲ. ಸ್ವರಗಳ ಏರಿಳಿತ ಊಹೆಯಲ್ಲ, ಅದನ್ನು ಓದಬಹುದು. ಗಮಕ, ಕಾಲ, ಶ್ರುತಿಯ ವಿಷಯದಲ್ಲಿ ಮಾತ್ರ ಊಹೆಗೆ ಪಾಲಿದೆ.

12ನೇ ಶತಮಾನದ ನಡುವಿನಿಂದ ಬಳಕೆಗೆ ಬಂದ ಲಿಪಿ ಸ್ವರದ ಹೆಸರು ಹೇಳುವುದಿಲ್ಲ. ಹಿಂದಿನ ಸ್ವರದಿಂದ ಎಷ್ಟು ಮೆಟ್ಟಿಲು ಅಂತ ಹೇಳುತ್ತದೆ. ಈಸನ್ ಅಂದರೆ ಅದೇ ಸ್ವರ. ಓಲಿಗಾನ್ ಒಂದು ಮೇಲೆ, ಅಪೊಸ್ತ್ರೋಫೋಸ್ ಒಂದು ಕೆಳಗೆ, ಎಲಾಫ್ರಾನ್ ಎರಡು ಕೆಳಗೆ. ಈಸನ್, ಓಲಿಗಾನ್, ಓಲಿಗಾನ್, ಅಪೊಸ್ತ್ರೋಫೋಸ್, ಎಲಾಫ್ರಾನ್ ಸಾಲಾಗಿ ಬಂದರೆ ಹೊರಟಲ್ಲಿಂದ ಒಂದು ಮೆಟ್ಟಿಲು ಕೆಳಗೆ ನಿಲ್ಲುತ್ತೀರಿ. ನಡುನಡುವೆ ಬರುವ ಮಾರ್ತಿರಿಯಾ ಗುರುತು ಅಲ್ಲಿ ಯಾವ ಸ್ವರದ ಮೇಲಿರಬೇಕೆಂದು ತಿಳಿಸುತ್ತದೆ. ಲೆಕ್ಕ ತಾಳೆಯಾಗದಿದ್ದರೆ ಹಿಂದಿನ ಗುರುತಿನಿಂದ ಮತ್ತೆ ಎಣಿಸಬೇಕು.

ಹೊಸಬರು ಎಡವುವುದು ಜೋಡಿ ಚಿಹ್ನೆಗಳಲ್ಲಿ. ಓಲಿಗಾನ್ ತಲೆಯ ಮೇಲೆ ಅಪೊಸ್ತ್ರೋಫೋಸ್ ಕೂತಿದ್ದರೆ ಓಲಿಗಾನ್‌ನ ಮೆಟ್ಟಿಲು ರದ್ದು. ಅದು ಆ ಸ್ವರಕ್ಕೆ ಒತ್ತು ಮಾತ್ರ ಕೊಡುತ್ತದೆ. ಎರಡನ್ನೂ ಕೂಡಿಸಿ ಸೊನ್ನೆ ಅಂದುಕೊಂಡರೆ ಅಲ್ಲಿಂದ ಮುಂದಿನದೆಲ್ಲ ಒಂದು ಮೆಟ್ಟಿಲು ಮೇಲೆ ಹೋಗುತ್ತದೆ. ಲೆಕ್ಕ ಸರಿಯಿದ್ದೂ ಕೂಡದಿದ್ದರೆ ನಕಲುಗಾರನದೇ ತಪ್ಪಿರಬಹುದು, ಇನ್ನೊಂದು ಹಸ್ತಪ್ರತಿ ನೋಡಬೇಕು.

ಈ ಲೆಕ್ಕಕ್ಕೆ ಸಿಗದ ದೊಡ್ಡ ಚಿಹ್ನೆಗಳೂ ಇವೆ, ಜಗಳ ಇರುವುದೇ ಅಲ್ಲಿ. 1931ರಲ್ಲಿ ಕೋಪನ್‌ಹೇಗನ್‌ನಲ್ಲಿ ಶುರುವಾದ ವಿದ್ವಾಂಸರ ಪಂಥ ಅವಕ್ಕೆ ಹೆಚ್ಚು ಬೆಲೆ ಕೊಡಲಿಲ್ಲ. ಗ್ರೀಕ್ ಗಾಯಕರ ಪ್ರಕಾರ ಅವು ಇಡೀ ಸಂಚಾರಗಳ ಸಂಕ್ಷಿಪ್ತ ರೂಪ. 1814ರ ಲಿಪಿ ಸುಧಾರಣೆಯ ಮೂವರಲ್ಲಿ ಒಬ್ಬರಾದ ಖೂರ್ಮೂಜಿಯೋಸ್ ಹಳೆಯ ಕೃತಿಗಳನ್ನು ಹೊಸ ಲಿಪಿಗೆ ಬಿಡಿಸಿ ಬರೆದಾಗ ಎರಡು ಮೂರು ಚಿಹ್ನೆ ಉದ್ದನೆಯ ಆಲಾಪವಾಗಿರುವುದುಂಟು. 13ನೇ ಶತಮಾನದ ಹಾಡಿಗೆ ಅಷ್ಟನ್ನೂ ಹೇರುವುದು ಅತಿ. ಒಂದೂ ಇಲ್ಲದಿದ್ದರೆ ಅಸ್ಥಿಪಂಜರ.

ಶ್ರುತಿಗೆ ಕಾನ್‌ಸ್ಟಾಂಟಿನೋಪಲ್ ಪಿತೃಪೀಠದ 1881ರ ಸಮಿತಿಯ ಅಳತೆ ಕೈಗೆಟುಕುತ್ತದೆ: ಸ್ಥಾಯಿಗೆ 72 ಮೋರಿಯಾ, ಮೆಟ್ಟಿಲುಗಳು 12, 10, 8. ಕೀಬೋರ್ಡಿನ ಅರ್ಧ ಸ್ವರ 6. ನೀ, ಪಾ, ವೂ ಅಂದರೆ ನಮ್ಮ ಸ, ರಿ, ಗ ಇದ್ದಂತೆ ಸ್ವರಗಳ ಹೆಸರು. ನೀ–ಪಾ 12, ಪಾ–ವೂ 10. ಹಾಗಾಗಿ ವೂ ಪಿಯಾನೋದ ಮೂರನೇ ಬಿಳಿ ಮನೆಗಿಂತ 2 ಮೋರಿಯಾ, ಅಂದರೆ ಸುಮಾರು 33 ಸೆಂಟ್ (ಅರ್ಧ ಸ್ವರಕ್ಕೆ 100 ಸೆಂಟ್) ಕೆಳಗೆ. ಕೀಬೋರ್ಡ್ ಹಿಡಿದು ಕಲಿತವರ ವೂ ಯಾವಾಗಲೂ ಶ್ರುತಿಗಿಂತ ಮೇಲೆ. ಒಂದೇ ತಂತಿ ಕಟ್ಟಿ ಅಳೆದು ಗುರುತು ಹಾಕಿಕೊಳ್ಳುವುದು ಲೇಸು.

ಇನ್ನು ಸಭಾಂಗಣ. ಕಾನ್‌ಸ್ಟಾಂಟಿನೋಪಲ್‌ನ ಹಿರಿಯ ಚರ್ಚಾಗಿದ್ದ ಹಾಗಿಯಾ ಸೋಫಿಯಾದಲ್ಲಿ ದನಿ ಅಡಗಲು 10 ಸೆಕೆಂಡಿಗೂ ಹೆಚ್ಚು ಬೇಕು. ಸ್ಟ್ಯಾನ್‌ಫರ್ಡ್ ತಂಡ ಅಲ್ಲಿ ಬಲೂನು ಒಡೆದು ಆ ಅನುರಣನ ಹಿಡಿಯಿತು. ಕ್ಯಾಪೆಲ್ಲಾ ರೊಮಾನಾ ಗಾಯಕರು ಹಾಗೆ ಹಿಡಿದ ಅನುರಣನದೊಳಗೆ ಹಾಡಿದ್ದು 2019ರಲ್ಲಿ ಧ್ವನಿಮುದ್ರಿಕೆಯಾಗಿ ಬಂತು. ಆ ಸೌಕರ್ಯವಿಲ್ಲದ ಕಡೆ ಈಸನ್‌ಗೇ, ಅಂದರೆ ತಂಬೂರಿಯಂತೆ ಹಿಡಿಯುವ ಆಧಾರ ಸ್ವರಕ್ಕೇ (ಮೇಲಿನ ಚಿಹ್ನೆಗೂ ಇದೇ ಹೆಸರು), ಕನಿಷ್ಠ ನಾಲ್ವರನ್ನು ನಿಲ್ಲಿಸಿ. ಉಸಿರನ್ನು ಸರದಿಯಲ್ಲಿ, ಸಾಲಿನ ನಡುವೆ ತೆಗೆದುಕೊಳ್ಳಲಿ. ಸಾಲಿನ ಕೊನೆಗೆ ಎಲ್ಲರೂ ಒಟ್ಟಿಗೆ ಉಸಿರೆಳೆದರೆ ಒಣ ಕೋಣೆಯಲ್ಲಿ ಆ ತೂತು ಎದ್ದು ಕಾಣುತ್ತದೆ.