ಮೂವತ್ತು ಕುಚ್ಚುಗಳ ಕೆಂಪು ಹ್ಯಾಟ್

ಸೆಪ್ಟೆಂಬರ್ ಬಂತೆಂದರೆ ಮುಂಬಯಿಯ ಬಾಂದ್ರಾದ ಮೌಂಟ್ ಮೇರಿ ಗುಡ್ಡದಲ್ಲಿ ಮೇಣದ ಕೈಗಳನ್ನು ಮಾರುತ್ತಾರೆ. ಕೈ ನೋವಿನವರಿಗೆ ಕೈ, ಕಾಲು ನೋವಿನವರಿಗೆ ಕಾಲು, ಸ್ವಂತ ಸೂರು ಬೇಡುವವರಿಗೆ ಅಂಗೈಯಗಲದ ಮನೆ, ಮಡಿಲು ತುಂಬಲೆಂದು ಬರುವವರಿಗೆ ಮೇಣದ ಕೂಸು. ನಮ್ಮ ದೇವಸ್ಥಾನಗಳಲ್ಲಿ ಬೆಳ್ಳಿಯ ಕಣ್ಣು, ಬೆಳ್ಳಿಯ ಪಾದ ಒಪ್ಪಿಸುವುದನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಆ ಕೈಯನ್ನು ಯಾವ ತಾಯಿಗೆ ಒಪ್ಪಿಸುತ್ತಿದ್ದೇವೆ ಎಂಬುದನ್ನು ಒಂದು ಗಳಿಗೆ ನೆನೆಯಬೇಕು. 1700ರಲ್ಲಿ ಮಸ್ಕತ್ತಿನ ಅರಬ್ ದಾಳಿಕಾರರು ಇಲ್ಲಿನ ಮಾತೆಯ, ಅಂದರೆ ಯೇಸುವಿನ ತಾಯಿ ಮರಿಯಮ್ಮನವರ, ಮೂರ್ತಿಯ ಬಲಗೈಯಲ್ಲಿ ಹೊಳೆಯುತ್ತಿದ್ದುದರ ಆಸೆಗೆ ಕೈಯನ್ನೇ ಕಡಿದರು. ಕೈ ಕಳೆದುಕೊಂಡ ತಾಯಿಯ ಮುಂದೆ ನಾವು ನಮ್ಮ ಕೈ ಗುಣವಾಗಲಿ ಎಂದು ಬೇಡುತ್ತೇವೆ. ನೋವು ಏನೆಂದು ಆಕೆಗೆ ಹೇಳಿಕೊಡಬೇಕಾಗಿಲ್ಲ.

ಹರಕೆ ತೀರಿಸಲು ಹೋಗುವ ಕನ್ನಡಿಗರಿಗೆ ಕೆಲವು ಮಾತು, ಆಮೇಲೆ ಅದೇ ಊರಿನಲ್ಲಿರುವ ಒಂದು ಕೆಂಪು ಹ್ಯಾಟಿನ ಕಥೆ. ಮಾತೆ ಮರಿಯಮ್ಮನವರ ಜನನದ ಹಬ್ಬ ಸೆಪ್ಟೆಂಬರ್ 8. ಬಾಂದ್ರಾದ ಜಾತ್ರೆ ಅದರ ನಂತರದ ಭಾನುವಾರ ಶುರುವಾಗಿ ಒಂದು ವಾರ ನಡೆಯುತ್ತದೆ. ಮೇಣದ ಕೈಯನ್ನು ಹಚ್ಚುವುದಲ್ಲ, ಒಪ್ಪಿಸುವುದು, ಹಚ್ಚುವುದು ಮೇಣದ ಬತ್ತಿಯನ್ನು. ಗಂಟೆಗಟ್ಟಲೆ ಸಾಲಿನಲ್ಲಿ ಬಿಗಿಯಾಗಿ ಹಿಡಿದುಕೊಂಡರೆ ಅಂಗೈ ಕಾವಿಗೆ ಮೇಣ ಮೆದುವಾಗಿ ಬೆರಳುಗಳು ಬಾಗುತ್ತವೆ. ಕಾಗದದಲ್ಲಿ ಸುತ್ತಿ ಚಪ್ಪಟೆಯಾಗಿ ಹಿಡಿಯಿರಿ. ಮಳೆಯಲ್ಲಿ ಬತ್ತಿಯ ನೂಲು ನೆನೆದರೆ ಚಿಟಿಚಿಟಿ ಎಂದು ಆರಿಹೋಗುತ್ತದೆ, ಅದು ಅಪಶಕುನವೇನೂ ಅಲ್ಲ. ತುದಿಯನ್ನು ಒರೆಸಿ ಮತ್ತೆ ಹಚ್ಚಿದರಾಯಿತು.

ಇನ್ನೊಂದು ಮಾತು. ಬಲಿಪೂಜೆಯಲ್ಲಿ, ಅಂದರೆ ಇಗರ್ಜಿಯ ಮುಖ್ಯ ಆರಾಧನೆಯಲ್ಲಿ, ಪರಮಪ್ರಸಾದದ ರೊಟ್ಟಿ ಕೊಡುವಾಗ, ಹೆಸರಲ್ಲಿ ಪ್ರಸಾದ ಎಂದಿದೆಯೆಂದು ನಮ್ಮ ಹಿಂದೂ ಅಣ್ಣತಮ್ಮಂದಿರು ಮುಗ್ಧವಾಗಿ ಸಾಲಿನಲ್ಲಿ ನಿಂತುಬಿಡುತ್ತಾರೆ. ಅದು ಕ್ರಿಸ್ತರ ದೇಹವೆಂದು ನಂಬಿ, ದೀಕ್ಷಾಸ್ನಾನ ಪಡೆದು, ಮನಸ್ಸು ತೊಳೆದುಕೊಂಡು ಬಂದ ಕಥೋಲಿಕರು ಸ್ವೀಕರಿಸುವಂಥದ್ದು. ಕುಳಿತಲ್ಲೇ ಕೈಮುಗಿದರೆ ಸಾಕು, ತಾಯಿ ಯಾರನ್ನೂ ಬರಿಗೈಯಲ್ಲಿ ಕಳಿಸುವುದಿಲ್ಲ. ಕಥೋಲಿಕರೇ ಪಾಪನಿವೇದನೆಯಿಲ್ಲದೆ, ಅಂದರೆ ಗುರುಗಳ ಮುಂದೆ ತಪ್ಪು ಒಪ್ಪಿಕೊಳ್ಳದೆ, ಪೂಜೆಯನ್ನೂ ಕೇಳದೆ, ಬತ್ತಿ ಹಚ್ಚಿ ಫೋಟೋ ತೆಗೆದು ಇಳಿದುಹೋಗುವುದು ಇದಕ್ಕಿಂತ ದೊಡ್ಡ ಸಂಕಟ. ಮೊದಲು ಪಾಪನಿವೇದನೆ, ಆಮೇಲೆ ಪೂಜೆ, ಕೊನೆಗೆ ಬತ್ತಿ. ಈ ಕ್ರಮ ತಲೆಕೆಳಗಾದರೆ ಹರಕೆಯಲ್ಲಿ ಮೇಣವಷ್ಟೇ ಉಳಿಯುತ್ತದೆ.

ಮಂಗಳೂರು ಕಡೆಯ ಮನೆಗಳಲ್ಲಿ ಇದೇ ಹಬ್ಬ ತೆನೆ ಹಬ್ಬವೂ ಹೌದು. ಊರಿಂದ ತೆನೆ ತರಿಸುವವರು ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿಸಬೇಡಿ. ಹಸಿ ಭತ್ತ ಬೆವರಿ ಬೂಸ್ಟು ಹಿಡಿಯುತ್ತದೆ. ಗುರುಗಳು ಮಂತ್ರಿಸಿಕೊಟ್ಟ ತೆನೆಯ ಕಾಳು ಬಿಡಿಸಿ ಪುಡಿಮಾಡಿ, ಹಾಲಿಗೋ ಪಾಯಸಕ್ಕೋ ಬೆರೆಸಿ, ಮನೆಯ ಹಿರಿಯರು ಎಲ್ಲರಿಗೂ ಹಂಚಬೇಕು.

ಬಾಂದ್ರಾದ ಈ ಗುಡ್ಡದ ದೇವಾಲಯ 1954ರಲ್ಲಿ ಬೆಸಿಲಿಕಾ, ಅಂದರೆ ಪೋಪರಿಂದ ವಿಶೇಷ ಗೌರವ ಪಡೆದ ದೇವಾಲಯ, ಆಯಿತು. ಆಗ ಮುಂಬಯಿಯ ಮಹಾಧರ್ಮಾಧ್ಯಕ್ಷರಾಗಿದ್ದವರು (ಆರ್ಚ್‌ಬಿಷಪ್) ಕಾರ್ಡಿನಲ್ ವಲೇರಿಯನ್ ಗ್ರೇಶಿಯಸ್. ಪೋಪರನ್ನು ಆರಿಸುವ ಹಿರಿಯರೇ ಕಾರ್ಡಿನಲ್‌ಗಳು; ಇವರು ಭಾರತದ ಮೊದಲ ಕಾರ್ಡಿನಲ್. ಅನೇಕರು ಅವರನ್ನೂ 2007ರಲ್ಲಿ ಕಾರ್ಡಿನಲ್ ಆದ ಆಸ್ವಾಲ್ಡ್ ಗ್ರೇಶಿಯಸ್ ಅವರನ್ನೂ ಒಬ್ಬರೇ ಎಂದುಕೊಳ್ಳುತ್ತಾರೆ. ಇಬ್ಬರೂ ಬೇರೆ ಬೇರೆ, ನಡುವೆ ಇನ್ನಿಬ್ಬರು ಆಗಿಹೋದರು: ಸೈಮನ್ ಪಿಮೆಂಟಾ, ಐವನ್ ಡಯಾಸ್.

ವಲೇರಿಯನ್ ಹುಟ್ಟಿದ್ದು 1900ರಲ್ಲಿ, ಕರಾಚಿಯಲ್ಲಿ; ಮನೆತನ ಗೋವಾದ್ದು. ಗುರುಗಳಾಗುವ ಓದಿಗೆ ಅವರು ಬಂದದ್ದು ನಮ್ಮ ಮಂಗಳೂರಿಗೆ, ಜೆಪ್ಪುವಿನ ಸಂತ ಜೋಸೆಫರ ಸೆಮಿನರಿಗೆ. ಕನ್ನಡನಾಡಿನ ನೀರು ಕುಡಿದವರು ಎಂದು ನಾವು ಹೆಮ್ಮೆಪಟ್ಟರೆ ತಪ್ಪಿಲ್ಲ. ಅಲ್ಲಿಂದ ಶ್ರೀಲಂಕಾದ ಕ್ಯಾಂಡಿಯ ಪೇಪಲ್ ಸೆಮಿನರಿ. ಅದೇ ಸಂಸ್ಥೆ 1955ರಲ್ಲಿ ಪುಣೆಗೆ ಬಂತು. 1926ರಲ್ಲಿ ಗುರುದೀಕ್ಷೆ, ಆಮೇಲೆ ರೋಮಿನಲ್ಲಿ ಹೆಚ್ಚಿನ ಓದು.

1946ರಲ್ಲಿ ಅವರು ಸಹಾಯಕ ಬಿಷಪ್ ಆದರು. ಆಗಿನ ಆರ್ಚ್‌ಬಿಷಪ್ ಥಾಮಸ್ ರಾಬರ್ಟ್ಸ್ ಬ್ರಿಟಿಷರು. ರೋಮ್ ಮತ್ತು ಪೋರ್ಚುಗಲ್ ನಡುವಣ 1928ರ ಒಪ್ಪಂದದ ಪ್ರಕಾರ ಮುಂಬಯಿಗೆ ಒಮ್ಮೆ ಪೋರ್ಚುಗೀಸರು, ಒಮ್ಮೆ ಬ್ರಿಟಿಷರು ಆರ್ಚ್‌ಬಿಷಪ್ ಆಗಬೇಕಿತ್ತು. ಭಾರತೀಯನಿಗೆ ಅದರಲ್ಲಿ ಜಾಗವೇ ಇರಲಿಲ್ಲ. ರಾಬರ್ಟ್ಸ್ ಏನು ಮಾಡಿದರು? ಆಡಳಿತವನ್ನು ಗ್ರೇಶಿಯಸ್ ಅವರ ಕೈಗೆ ಬಿಟ್ಟು ಹಡಗು ಹತ್ತಿದರು. ನಾಲ್ಕು ವರ್ಷ ಹೆಸರಿಗೆ ಮಾತ್ರ ಆರ್ಚ್‌ಬಿಷಪ್ ಆಗಿ ದೂರವೇ ಉಳಿದರು. 1950ರಲ್ಲಿ ಆ ಸರದಿ ಪದ್ಧತಿ ರದ್ದಾಯಿತು, ಡಿಸೆಂಬರ್‌ನಲ್ಲಿ ಪೀಠ ಗ್ರೇಶಿಯಸ್ ಅವರಿಗೆ ಬಂತು. ಪೀಠ ಹತ್ತಿದವರನ್ನು ಎಲ್ಲರೂ ನೆನೆಯುತ್ತಾರೆ. ಪೀಠ ತೆರವು ಮಾಡಿಕೊಟ್ಟ ರಾಬರ್ಟ್ಸ್ ಅವರಿಗೂ ಒಂದು ಪ್ರಾರ್ಥನೆ ಸಲ್ಲಬೇಕು.

1953ರ ಜನವರಿ 12ರಂದು ಹನ್ನೆರಡನೇ ಪಿಯುಸ್ ಜಗದ್ಗುರುಗಳು (ನಾವು ಜಗದ್ಗುರು ಎನ್ನುವುದು ಪೋಪರನ್ನು) 24 ಕಾರ್ಡಿನಲ್‌ಗಳನ್ನು ನೇಮಿಸಿದರು, ಅದರಲ್ಲಿ ಇವರೊಬ್ಬರು. ಕಾರ್ಡಿನಲ್ ಎಂಬುದು ಬಿಷಪ್ ದೀಕ್ಷೆಗಿಂತ ಮೇಲಿನ ಇನ್ನೊಂದು ದೀಕ್ಷೆಯಲ್ಲ, ಜಗದ್ಗುರುಗಳಿಗೆ ಆಲೋಚನೆ ಹೇಳುವ ಮತ್ತು ಮುಂದಿನ ಜಗದ್ಗುರುವನ್ನು ಆರಿಸುವ ಹೊಣೆ. ಪ್ರತಿಯೊಬ್ಬರಿಗೂ ರೋಮಿನಲ್ಲಿ ಒಂದು ದೇವಾಲಯವನ್ನು ಹೆಸರಿಗೆ ಕೊಡುತ್ತಾರೆ. ಗ್ರೇಶಿಯಸ್ ಅವರಿಗೆ ಸಿಕ್ಕಿದ್ದು ಸಾಂತಾ ಮರಿಯಾ ಇನ್ ವಿಯಾ ಲಾತಾ. ಅಲ್ಲಿಯೂ ತಾಯಿಯೇ.

ಆಗ ಅವರಿಗೆ ಸಿಕ್ಕ ಕೆಂಪು ಹ್ಯಾಟ್ ಇರುವುದು ಮುಂಬಯಿಯ ಕೊಲಾಬಾದಲ್ಲಿರುವ ಹೋಲಿ ನೇಮ್ ಪ್ರಧಾನಾಲಯದಲ್ಲಿ (ಕೆಥೆಡ್ರಲ್). ಬಾಂದ್ರಾಕ್ಕೆ ಹೋದವರು ಅಲ್ಲಿಗೂ ಹೋಗಬೇಕು ಎಂಬುದೇ ಈ ಬರಹದ ಆಸೆ.

ಆ ಹ್ಯಾಟ್ ಎಂಥದ್ದು ಎಂದರೆ, ಬಿಸಿಲಿಗೂ ಆಗದು, ಮಳೆಗೂ ಆಗದು. ಬುರುಡೆ ಚಪ್ಪಟೆ, ಅಂಚು ಮೊರದಷ್ಟು ಅಗಲ. ಎರಡು ಕಡೆಯಿಂದ ಕೆಂಪು ಹುರಿ ಇಳಿದು ಕುಚ್ಚುಗಳಾಗಿ ಕವಲೊಡೆಯುತ್ತದೆ: ಮೊದಲ ಸಾಲಿನಲ್ಲಿ ಒಂದು, ಎರಡನೆಯದರಲ್ಲಿ ಎರಡು, ಹೀಗೆ ಐದನೇ ಸಾಲಿನವರೆಗೆ. ಒಂದು ಕಡೆಗೆ 15, ಒಟ್ಟು 30. ಹಳೆಯ ಇಗರ್ಜಿಗಳ ಗೋಡೆಯಲ್ಲಿ ಇಂಥ ಹ್ಯಾಟ್ ಬಿಡಿಸಿದ ಲಾಂಛನ ಕಂಡಾಗ ಈ ಕುಚ್ಚುಗಳನ್ನು ಎಣಿಸಿ. ಹಸಿರು ಬಣ್ಣ, ಪಕ್ಕಕ್ಕೆ 6 ಇದ್ದರೆ ಬಿಷಪ್. ಹಸಿರು 10 ಇದ್ದರೆ ಆರ್ಚ್‌ಬಿಷಪ್. ಕೆಂಪು 15 ಇದ್ದರೆ ಕಾರ್ಡಿನಲ್. ಬಣ್ಣ, ಎಣಿಕೆ ಎರಡನ್ನೂ ನೋಡಬೇಕು. ಕೆಂಪು ರಾಜಠೀವಿಯ ಕೆಂಪಲ್ಲ. ವಿಶ್ವಾಸಕ್ಕಾಗಿ ರಕ್ತ ಸುರಿಸಲೂ ಸಿದ್ಧ ಎಂದು ಕೊಟ್ಟ ಮಾತಿನ ಬಣ್ಣ ಅದು.

ಜಗದ್ಗುರುಗಳು ಅದನ್ನು ಒಮ್ಮೆ ತಲೆಯ ಮೇಲಿಡುತ್ತಿದ್ದರು, ಅಷ್ಟೇ. ಮತ್ತೆ ತೊಡುವಂತಿರಲಿಲ್ಲ. ದಿನಬಳಕೆಗೆ ಬೇರೆ ಟೋಪಿ. ಪೆಟ್ಟಿಗೆಯೊಳಗೆ ಸೇರಿದ ಹ್ಯಾಟ್ ಮತ್ತೆ ಹೊರಬರುತ್ತಿದ್ದುದು ಆ ಕಾರ್ಡಿನಲ್ ತೀರಿಕೊಂಡಾಗ, ಶವದ ಬಳಿ ಇಡಲು. ಆಮೇಲೆ ಸಮಾಧಿಯ ಮೇಲೆ ತೂಗುಹಾಕಿ, ತಾನಾಗಿ ಜೀರ್ಣವಾಗಿ ಉದುರುವ ತನಕ ಮುಟ್ಟದೆ ಬಿಡುವುದು ರೂಢಿ. ಹರಕೆ ಹೊತ್ತುಕೊಂಡು ಬದುಕುವುದು ಹೇಗೆ ಎಂದು ಕೇಳಿದರೆ ನಾವು ತೋರಿಸಬಹುದಾದ ವಸ್ತು ಇದೇ. ನಾವಾದರೋ ಬೇಡಿದ್ದು ಸಿಕ್ಕ ತಿಂಗಳೇ ಹರಕೆಯನ್ನು ಮರೆಯುತ್ತೇವೆ. 1969ರಲ್ಲಿ ಧರ್ಮಸಭೆ ಈ ಹ್ಯಾಟ್ ಕೊಡುವ ಪದ್ಧತಿಯನ್ನೇ ನಿಲ್ಲಿಸಿತು. ಸರಳತೆ ಒಳ್ಳೆಯದೇ, ಆದರೂ ಸಾವನ್ನು ಹೀಗೆ ಕಣ್ಣೆದುರಿಗೆ ಇಡುತ್ತಿದ್ದ ಗುರುತೊಂದು ಹೋಯಿತಲ್ಲ ಎಂದು ಮನಸ್ಸು ನೋಯುತ್ತದೆ.

ಹ್ಯಾಟ್ ಪೆಟ್ಟಿಗೆಯಲ್ಲಿದ್ದ 25 ವರ್ಷ ಗ್ರೇಶಿಯಸ್ ದುಡಿದರು. 1958ರಲ್ಲಿ ಮತ್ತು 1963ರಲ್ಲಿ ಜಗದ್ಗುರುವನ್ನು ಆರಿಸಲು ಮತ ಹಾಕಿದರು. 1958ರಲ್ಲಿ ಆಯ್ಕೆಯಾದ ಇಪ್ಪತ್ತಮೂರನೇ ಜಾನ್, ಇವರ ಜೊತೆ ಒಂದೇ ದಿನ ಕಾರ್ಡಿನಲ್ ಆದವರು. 1964ರಲ್ಲಿ ಮುಂಬಯಿಯ ಓವಲ್ ಮೈದಾನದಲ್ಲಿ 38ನೇ ಅಂತರರಾಷ್ಟ್ರೀಯ ಪರಮಪ್ರಸಾದ ಮಹಾಸಮ್ಮೇಳನ ನಡೆದಾಗ ಆರನೇ ಪೌಲ್ ಜಗದ್ಗುರುಗಳು ಡಿಸೆಂಬರ್ 2ರಂದು ಸಾಂತಾಕ್ರೂಜ್ ವಿಮಾನ ನಿಲ್ದಾಣದಲ್ಲಿ ಇಳಿದರು. ಭಾರತದ ನೆಲ ಮುಟ್ಟಿದ ಮೊದಲ ಜಗದ್ಗುರು ಅವರು. ಬರಮಾಡಿಕೊಂಡ ಆತಿಥೇಯ ಜೆಪ್ಪುವಿನಲ್ಲಿ ಓದಿದ ಈ ಹಿರಿಯರು. 1966ರಲ್ಲಿ ಪದ್ಮವಿಭೂಷಣ ಬಂತು.

1978ರ ಆಗಸ್ಟ್‌ನಲ್ಲಿ ಮತ್ತೆ ಜಗದ್ಗುರುಗಳ ಆಯ್ಕೆ ನಡೆಯಿತು. 80 ದಾಟದವರೆಲ್ಲ ಮತ ಹಾಕಬಹುದಿತ್ತು, ಇವರಿಗೆ 77. ಆದರೆ ಕಾಯಿಲೆ ರೋಮಿಗೆ ಹೋಗಲು ಬಿಡಲಿಲ್ಲ. ಆ ವರ್ಷ ಸೆಪ್ಟೆಂಬರ್ 8 ಶುಕ್ರವಾರ ಬಿತ್ತು, 10 ಭಾನುವಾರ. ಮರುದಿನ, 11ರ ಸೋಮವಾರ, ಮುಂಬಯಿಯಲ್ಲಿ ಅವರು ಕಣ್ಣುಮುಚ್ಚಿದರು. ತಾಯಿಯ ಜಾತ್ರೆಯ ವಾರದಲ್ಲೇ.

ಜಾತ್ರೆಯ ವಾರದಲ್ಲಿ ಕೊಲಾಬಾಕ್ಕೆ ಹೋಗುವವರು ವಿರಳ. ಹೋದರೆ, ಅಗಲಿದವರಿಗಾಗಿ ಹೇಳುವ ಪ್ರಾರ್ಥನೆಯನ್ನು ಹೇಳಿ: ಒಂದು ಪರಲೋಕ ಮಂತ್ರ, ಒಂದು ನಮೋ ಮರಿಯಾ. ಬಾಂದ್ರಾದಲ್ಲಿ ಕೊಂಡ ಬತ್ತಿಗಳಲ್ಲಿ ಒಂದನ್ನು ಉಳಿಸಿಕೊಂಡು ಹೋಗಿ, ಅದರ ನೂಲು ನೆನೆಯದಂತೆ.