ಆಟ ರೆಕಾರ್ಡ್ ಮಾಡೋರಿಗೆ ಒಂದೆರಡು ಮಾತು

ಕೌಂಟರ್-ಸ್ಟ್ರೈಕ್ 2 ಆಡೋದನ್ನ ರೆಕಾರ್ಡ್ ಮಾಡೋಕೆ ನಾನು ಬಳಸೋದು ಓಬಿಎಸ್ ಸ್ಟುಡಿಯೋ. ಪುಕ್ಕಟೆ, ಓಪನ್ ಸೋರ್ಸ್. ಎನ್‌ವಿಡಿಯಾ ಗ್ರಾಫಿಕ್ಸ್ ಕಾರ್ಡ್ ಇದ್ದರೆ ಎನ್‌ಕೋಡರ್ (ವಿಡಿಯೋನ ಕುಗ್ಗಿಸಿ ಫೈಲ್ ಮಾಡೋದು) ಅನ್ನೋ ಕಡೆ ಎನ್‌ವೆಂಕ್ ಆರಿಸಿ. ಆ ಕೆಲಸ ಕಾರ್ಡೇ ಮಾಡುತ್ತೆ, ಪ್ರೊಸೆಸರ್ ಮೇಲಿನ ಭಾರ ಇಳಿಯುತ್ತೆ, ಆಟ ತಡವರಿಸಲ್ಲ.

ಫೈಲ್ ಫಾರ್ಮ್ಯಾಟ್ ಮಾತ್ರ ಎಂಕೆವಿ ಇರಲಿ. ನಮ್ಮೂರಲ್ಲಿ ಮಳೆ ನಾಲ್ಕು ಹನಿ ಬಿದ್ದರೆ ಸಾಕು, ಕರೆಂಟ್ ಹೋಯ್ತು ಅಂತಲೇ ಲೆಕ್ಕ. ಸಾದಾ ಎಂಪಿ4 ಆದರೆ ಅರ್ಧಕ್ಕೆ ನಿಂತ ಫೈಲ್ ತೆರೆಯೋದೇ ಇಲ್ಲ. ಎಂಕೆವಿ ಆದರೆ ಅಲ್ಲೀತನಕ ಆಗಿದ್ದು ಉಳಿಯುತ್ತೆ. ಆಮೇಲೆ ಫೈಲ್ ಮೆನುವಿನ ರೀಮಕ್ಸ್‌ನಲ್ಲಿ ಎಂಪಿ4 ಮಾಡ್ಕೊಂಡರಾಯ್ತು, ವಿಡಿಯೋ ಹಾಗೇ ಇದ್ದು ಫಾರ್ಮ್ಯಾಟ್ ಮಾತ್ರ ಬದಲಾಗೋದ್ರಿಂದ ಗುಣಮಟ್ಟ ಕಡಿಮೆಯಾಗಲ್ಲ.

ಇನ್ನು ಆಡಿಯೋ. ಓಬಿಎಸ್‌ನಲ್ಲಿ ಸದ್ದನ್ನ ಬೇರೆ ಬೇರೆಯಾಗಿ ಇಡೋಕೆ 6 ಟ್ರ್ಯಾಕ್ ಇವೆ. ಆಟದ ಸದ್ದು ಒಂದನೇದರಲ್ಲಿ, ನನ್ನ ಮೈಕ್ ಎರಡನೇದರಲ್ಲಿ. ಯಾಕಂದ್ರೆ ನಾನೊಬ್ಬನೇ ಉಳಿದು ಬಾಂಬ್ ಡಿಫ್ಯೂಸ್ ಮಾಡ್ತಿರೋವಾಗಲೇ ಅಮ್ಮ ಅಡುಗೆಮನೆಯಿಂದ "ಮುದ್ದೆ ಆರಿ ಕಲ್ಲಾಗ್ತಿದೆ, ಬರ್ತೀಯೋ ಇಲ್ವೋ!" ಅಂತಾರೆ. ಎಡಿಟ್ ಮಾಡುವಾಗ ಎರಡನೇ ಟ್ರ್ಯಾಕ್ ಕತ್ತರಿಸಿದರೆ ಮುಗೀತು. ಒಮ್ಮೊಮ್ಮೆ ಬೇಕಂತಲೇ ಬಿಡ್ತೀನಿ, ಗೆಳೆಯರು ಆ ಕ್ಲಿಪ್‌ಗಳನ್ನೇ ಕೇಳೋದು.

ಪೂರ್ತಿ ಪಂದ್ಯ ಬೇಡ ಅನ್ನೋರು ರೀಪ್ಲೇ ಬಫರ್ ಹಾಕಿಟ್ಟುಕೊಳ್ಳಿ. ಸೆಟ್ಟಿಂಗ್‌ನಲ್ಲಿ ಕೊಟ್ಟಷ್ಟು ಹೊತ್ತು, ಉದಾಹರಣೆಗೆ ಕೊನೇ 30 ಸೆಕೆಂಡು, ಮೆಮೊರಿಯಲ್ಲೇ ಇರುತ್ತೆ, ಅದಕ್ಕಂತ ಇಟ್ಟ ಕೀ (ಹಾಟ್‌ಕೀ) ಒತ್ತಿದಾಗ ಮಾತ್ರ ಡಿಸ್ಕಿಗೆ ಬರೆಯುತ್ತೆ.