ಬೇಲೂರಿನಲ್ಲಿ ಸಿಕ್ಕ ಶಿಕಾರಿಪುರದ ಕಡೆಯವನು

ಮದುವೆಯಾಗಿ ಮೂರು ವರ್ಷ ಆದರೂ ನಾವಿಬ್ಬರೇ ಅಂತ ಎಲ್ಲಿಗೂ ಹೋಗಿರಲಿಲ್ಲ. ಈ ಡಿಸೆಂಬರ್‌ನಲ್ಲಿ ಎರಡು ದಿನ ಎತ್ತಿಟ್ಟುಕೊಂಡೆವು. ಮೊದಲು ನೋಡಿದ್ದು ಚಿಕ್ಕಮಗಳೂರಿನ ಹೋಂಸ್ಟೇಗಳನ್ನು. ವರ್ಷದ ಕೊನೆಯಲ್ಲಿ ಅಲ್ಲಿ ಬಾಡಿಗೆ ಕೇಳಿದರೆ ಎದೆ ಧಸಕ್ ಅನ್ನುತ್ತೆ. ರಾತ್ರಿ ಬೆಂಕಿ ಹಾಕಿ ಸ್ಪೀಕರ್ ಜೋರು ಮಾಡುವ ಗಲಾಟೆಯೂ ನಮಗೆ ಆಗದು.

"ರೀ, ಬೇಲೂರಲ್ಲೇ ಉಳಿಯೋಣ. ಎಲ್ಲರೂ ಒಂದು ಗಂಟೆ ನೋಡಿ ಹೊರಟುಬಿಡ್ತಾರೆ. ನಾವು ನಿಧಾನಕ್ಕೆ ನೋಡೋಣ" ಅಂದಳು ನನ್ನ ಹೆಂಡತಿ. ಚಿಕ್ಕಮಗಳೂರಿನಿಂದ ಬರೀ 25 ಕಿ.ಮೀ. ಅಲ್ವಾ, ಒಪ್ಪಿಕೊಂಡೆ.

ಲಾಡ್ಜ್‌ನವರು '24 ಗಂಟೆ ಬಿಸಿನೀರು' ಅಂದಿದ್ದರು. ಬೆಳಗ್ಗೆ ನಲ್ಲಿ ತಿರುಗಿಸಿದರೆ ಮಂಜಿನಂಥ ನೀರು. ಕೇಳಿದರೆ "ಸೋಲಾರ್ ಸರ್, ಬಿಸಿಲು ಬರಬೇಕು" ಅಂದರು. ಚಳಿಗಾಲದಲ್ಲಿ ಈ ಕಡೆ ಬರುವವರು ದುಡ್ಡು ಕಟ್ಟುವ ಮೊದಲೇ ಗೀಸರ್ ಇದೆಯಾ ಅಂತ ಕೇಳಿ. ಕಾಲುಚೀಲವನ್ನೂ ಮರೆಯಬೇಡಿ. ಚಪ್ಪಲಿ ಬಿಟ್ಟು ದೇವಸ್ಥಾನದ ಅಂಗಳಕ್ಕೆ ಕಾಲಿಟ್ಟರೆ ಆ ಹೊತ್ತಿನಲ್ಲಿ ಚಪ್ಪಡಿ ಕಲ್ಲು ಪಾದವನ್ನು ಕಚ್ಚುತ್ತೆ. ಅವಳು ನನ್ನ ತೋಳು ಹಿಡಿದು ಒಂಟಿ ಕಾಲಲ್ಲಿ ಕುಂಟುತ್ತಾ ಬಂದಳು.

ಚೆನ್ನಕೇಶವ ದೇವಸ್ಥಾನ ವಿಷ್ಣುವರ್ಧನನ ಕಾಲದ್ದು, 1117ರದ್ದು. 2023ರಲ್ಲಿ ಹಳೇಬೀಡು, ಸೋಮನಾಥಪುರದ ಜೊತೆ ಯುನೆಸ್ಕೋ ಪಟ್ಟಿಗೂ ಸೇರಿದೆ. ಇದೆಲ್ಲ ಓದಿಕೊಂಡೇ ಬಂದಿದ್ದೆವು. ಓದದೇ ಇದ್ದದ್ದು ಒಂದಿತ್ತು.

ಸೂರಿನ ಕೆಳಗಿನ ಮದನಿಕೆಯರನ್ನು ತೋರಿಸುತ್ತಾ ಗೈಡ್ ಹೇಳಿದರು: "ಮೇಡಂ, ಕಾಲಿನ ಹತ್ತಿರ ನೋಡಿ. ಅಲ್ಲಿ ಕೆತ್ತಿದವನ ಹೆಸರಿದೆ."

ಅವಳು ಫೋನ್ ಕ್ಯಾಮೆರಾ ಜೂಮ್ ಮಾಡಿದಳು. ಬಳೆ, ಸರ, ಬೆರಳ ಸಂದಿನ ನೆರಳು ಎಲ್ಲ ದಾಟಿ ಪೀಠಕ್ಕೆ ಬಂದರೆ, ಉಗುರಿನಿಂದ ಗೀರಿದ ಹಾಗೆ ಸಣ್ಣ ಸಣ್ಣ ಅಕ್ಷರ. ಹಳೆಯ ಕನ್ನಡ.

"ಯಾರ ಹೆಸರು?"

"ದಾಸೋಜ. ಬಳ್ಳಿಗಾವೆಯವನು. ಮಗ ಚಾವಣ ಕೂಡ ಇಲ್ಲಿ ಕೆತ್ತಿದ್ದಾನೆ."

ಅವಳು ಫೋನ್ ಕೆಳಗಿಳಿಸಿದಳು. "ಬಳ್ಳಿಗಾವೆ ಅಂದ್ರೆ? ನಮ್ಮ ಶಿಕಾರಿಪುರದ ಹತ್ತಿರ ಇರೋ ಬಳ್ಳಿಗಾವಿನಾ?"

"ಅದೇ ಮೇಡಂ. ನಿಮ್ಮೂರಾ?"

"ತವರು" ಅಂದಳು. ಧ್ವನಿ ನಡುಗಿತು. ಚಳಿಗೆ ಅಂದುಕೊಂಡೆ, ಅಲ್ಲ. ಚಿಕ್ಕವಳಿದ್ದಾಗ ಬಳ್ಳಿಗಾವಿಯ ಕೇದಾರೇಶ್ವರ ದೇವಸ್ಥಾನದ ಕಟ್ಟೆ ಮೇಲೆ ಕೂತು ಬುತ್ತಿ ಉಂಡವಳು ಅವಳು. ಆ ಊರಿನವನೊಬ್ಬ ಮಗನನ್ನೂ ಕರ್ಕೊಂಡು ಅಷ್ಟು ದೂರದಿಂದ ಇಲ್ಲಿಗೆ ಬಂದು, ಕೆಲಸ ಮುಗಿಸಿ, ಹೆಸರಿನ ಜೊತೆ ಊರನ್ನೂ ಬರೆದಿಟ್ಟಿದ್ದಾನೆ. 900 ವರ್ಷ ಆಗಿದೆ. ಅವಳು ಅಲ್ಲೇ ನಿಂತು ತವರಿಗೆ ಫೋನ್ ಮಾಡಿದಳು.

"ಅಪ್ಪಾ, ಬೇಲೂರು ಕೆತ್ತಿದ್ದು ನಮ್ಮ ಬಳ್ಳಿಗಾವಿಯವರಂತೆ!"

ಮಾವನವರು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದರು: "ಕಲ್ಲು ಯಾವುದಮ್ಮ?"

ಬಳಪದ ಕಲ್ಲು, ಗಣಿಯಿಂದ ತೆಗೆದಾಗ ಮೆತ್ತಗಿದ್ದು ಗಾಳಿ ತಾಗಿದ ಮೇಲೆ ಗಟ್ಟಿಯಾಗುತ್ತೆ ಅಂತ ಗೈಡ್ ಹೇಳಿದ್ದನ್ನು ಇವಳು ಫೋನಿಗೆ ಒಪ್ಪಿಸಿದಳು.

"ಅದಕ್ಕೇ ಅಷ್ಟು ಸಣ್ಣ ಕೆಲಸ ಆಗಿದೆ" ಅಂದರು. ಜೀವನವಿಡೀ ಮರಗೆಲಸ ಮಾಡಿದವರು ಅವರು.

ಮಧ್ಯಾಹ್ನ ಅಕ್ಕಿರೊಟ್ಟಿ, ಹಿತಕಿದ ಅವರೆಬೇಳೆ ಸಾರು. ಸೊಗಡಿನ ಅವರೆ ಸಿಗುವ ಕಾಲದಲ್ಲಿ ಹಾಸನದ ಕಡೆ ಬಂದು ಬೇರೇನಾದರೂ ತಿನ್ನುವುದು ನನ್ನ ಪ್ರಕಾರ ತಪ್ಪು. ಮಾರನೇ ದಿನ 16 ಕಿ.ಮೀ. ದೂರದ ಹಳೇಬೀಡನ್ನೂ ನೋಡಿದೆವು. ಅಲ್ಲಿನ ಗೋಡೆಗಳಲ್ಲಿ ಕೆತ್ತನೆ ಇನ್ನೂ ಜಾಸ್ತಿ. ಆದರೆ ಇವಳ ಮನಸ್ಸು ಬೇಲೂರಲ್ಲೇ ಇತ್ತು.

ಬಸ್ ಹತ್ತುವ ಮೊದಲು ಸಂಜೆ ಮತ್ತೆ ಒಳಗೆ ಹೋದೆವು. ಬೆಳಕು ಇಳಿದಿತ್ತು, ಅಕ್ಷರ ಕಾಣಲಿಲ್ಲ. ಎಲ್ಲಿದೆ ಅಂತ ಅವಳಿಗೆ ಗೊತ್ತಿತ್ತು. ಅಲ್ಲೇ ಕತ್ತೆತ್ತಿ ನಿಂತಳು. ನಾನು ಅವಳ ಚಪ್ಪಲಿಯ ಟೋಕನ್ ಹಿಡಿದು ಪಕ್ಕದಲ್ಲಿ ನಿಂತೆ.